ಸರೋದ್ ಹಿಡಿದು ಸಿನಿಮಾಕ್ಕೆ ಬಂದ ಇಂಗ್ಲಿಷ್ ಮೇಷ್ಟ್ರು

ಹೊಸಪೇಟೆಯ ಅಣೆಕಟ್ಟು, ಹಂಪಿಯ ಬಂಡೆ, ಕಂಪ್ಲಿಯ ಗದ್ದೆ ದಾಟಿದ ತುಂಗಭದ್ರೆ ರಾಯಚೂರು ಸೀಮೆಗೆ ಬರುತ್ತಾಳೆ. ಅಲ್ಲಿ ಹಮ್‌ದರ್ದ್ ಶಾಲೆ, ನದಿದಡದಲ್ಲಿ ಪ್ರೇಮಾಯತನ ಕಟ್ಟಿದವರು ಪಂಡಿತ ತಾರಾನಾಥರು. 1932ರಲ್ಲಿ ಹುಟ್ಟಿದ ಅವರ ಮಗನೇ ರಾಜೀವ್ ತಾರಾನಾಥ್.

ಓದಿದ್ದು ಇಂಗ್ಲಿಷ್ ಸಾಹಿತ್ಯ, ಮನಸೋತದ್ದು ಸರೋದ್‌ಗೆ. ಉಸ್ತಾದ್ ಅಲಿ ಅಕ್ಬರ್ ಖಾನರ ಶಿಷ್ಯನಾದ ಈ ಮೇಷ್ಟ್ರು 1970ರಲ್ಲಿ 'ಸಂಸ್ಕಾರ' ಚಿತ್ರಕ್ಕೆ ಸಂಗೀತ ಕೊಟ್ಟರು. ಪಟ್ಟಾಭಿರಾಮ ರೆಡ್ಡಿ ನಿರ್ದೇಶನ, ಗಿರೀಶ ಕಾರ್ನಾಡರ ನಟನೆ, ಶೃಂಗೇರಿ ಬಳಿಯ ಅಗ್ರಹಾರ. ಸೆನ್ಸಾರ್ ಮೊದಲು ತಡೆಯಿತು. ಆಮೇಲೆ ಅದಕ್ಕೇ ರಾಷ್ಟ್ರದ ಅತ್ಯುತ್ತಮ ಚಿತ್ರವೆಂಬ ಪ್ರಶಸ್ತಿ!

ಸರೋದ್ ಯಾಕೆ ಇಂಥ ಚಿತ್ರಕ್ಕೆ ಒಗ್ಗುತ್ತದೆ? ಸಿತಾರಿನಂತೆ ಅದಕ್ಕೆ ಮೆಟ್ಟಿಲುಗಳಿಲ್ಲ. ನುಣುಪಾದ ಲೋಹದ ಪಟ್ಟಿಯ ಮೇಲೆ ಎಡಗೈ ಉಗುರು ತಂತಿಯನ್ನು ಒತ್ತಿ ಜಾರುತ್ತದೆ, ಬಲಗೈಯಲ್ಲಿ ತೆಂಗಿನ ಚಿಪ್ಪಿನ ತುಂಡು ಮೀಟುತ್ತದೆ. ಸ್ವರ ಒಂದರಿಂದ ಇನ್ನೊಂದಕ್ಕೆ ಜಾರುತ್ತಾ ಹೋಗುತ್ತದೆ. 'ಸಂಸ್ಕಾರ'ದ ನಾಯಕ ಪ್ರಾಣೇಶಾಚಾರ್ಯನ ತಳಮಳಕ್ಕೆ ಬೇಕಾದದ್ದೂ ಅದೇ.

ಮುಂದೆ ಮಲಯಾಳಂನಲ್ಲಿ ಜಿ. ಅರವಿಂದನ್ ಅವರ 'ಕಾಂಚನ ಸೀತಾ', ಎಂ.ಟಿ. ವಾಸುದೇವನ್ ನಾಯರ್ ಅವರ 'ಕಡವು'. ಪಟ್ಟಿ ಉದ್ದವಿಲ್ಲ. ಇಂಥ ಸಿನಿಮಾಗಳಿಂದ ಹೊಟ್ಟೆ ತುಂಬುವುದೂ ಕಷ್ಟ ಬಿಡಿ. ಪಾಠ, ಕಛೇರಿ, ಶಿಷ್ಯರು ಅವರ ಬದುಕಿನ ಆಧಾರ.

ಸಿನಿಮಾವನ್ನೇ ನೆಚ್ಚಿಕೊಳ್ಳದ ರಂಗಕರ್ಮಿ ಬಿ.ವಿ. ಕಾರಂತರದೂ ಇದೇ ದಾರಿ. ರಂಗಭೂಮಿಯಲ್ಲಿ ನಿಂತೇ 'ಋಷ್ಯಶೃಂಗ', 'ಘಟಶ್ರಾದ್ಧ' ಚಿತ್ರಗಳ ಸಂಗೀತಕ್ಕೆ ಎರಡು ರಾಷ್ಟ್ರಪ್ರಶಸ್ತಿ ಪಡೆದರು.

ರಾಜೀವರಿಗೆ 2019ರಲ್ಲಿ ಪದ್ಮಶ್ರೀ ಬಂತು. 2024ರ ಜೂನ್‌ನಲ್ಲಿ ತೀರಿಕೊಂಡರು. 'ಸಂಸ್ಕಾರ' ನೋಡಿಲ್ಲವಾದರೆ ಒಮ್ಮೆ ನೋಡಿ. ನೋಡಿದ್ದರೆ, ಈ ಸಲ ಕಿವಿಗೊಟ್ಟು ನೋಡಿ.