ಒಂದು ವರದಿ, ಎರಡು ನೆನಪು: ಅಕ್ಕಲಕೋಟೆಯ ಕಡೆಯಿಂದ

ಗಡಿಯ ಚರಿತ್ರೆಯನ್ನು ಯಾರು ಹೇಗೆ ನೆನಪಿಟ್ಟುಕೊಳ್ತಾರೆ ಅನ್ನೋದು ನನ್ನ ಇವತ್ತಿನ ವಿಷಯ. 1956ರ ರಾಜ್ಯ ಪುನರ್ವಿಂಗಡಣೆಯಲ್ಲಿ ಸೊಲ್ಲಾಪುರ, ಅಕ್ಕಲಕೋಟೆ ಮುಂಬಯಿ ರಾಜ್ಯದಲ್ಲೇ ಉಳಿದವು. ಮಹಾರಾಷ್ಟ್ರದ ಒತ್ತಾಯದಿಂದ 1966ರಲ್ಲಿ ಮಹಾಜನ ಆಯೋಗದ ನೇಮಕವಾಯಿತು. ಬೆಳಗಾವಿ ಮೈಸೂರು ರಾಜ್ಯದಲ್ಲೇ ಇರಲಿ, ಅಕ್ಕಲಕೋಟೆಯೂ ಅದಕ್ಕೆ ಸೇರಲಿ ಎಂದು 1967ರ ವರದಿ ಹೇಳಿತು. ಮಹಾರಾಷ್ಟ್ರ ಒಪ್ಪಲಿಲ್ಲ, ವರದಿ ಜಾರಿಯಾಗಲಿಲ್ಲ. 2004ರಲ್ಲಿ ಮಹಾರಾಷ್ಟ್ರ ಸುಪ್ರೀಂ ಕೋರ್ಟಿಗೆ ಹೋಯಿತು.

ಮಹಾರಾಷ್ಟ್ರಕ್ಕೆ ಈ ವರದಿ ಅನ್ಯಾಯದ ನೆನಪು, ಕರ್ನಾಟಕಕ್ಕೆ ಅಂತಿಮ ತೀರ್ಮಾನ. ಆದ್ರೆ 'ಅಂತಿಮ' ಅನ್ನುವಾಗ ನಮ್ಮ ಮನಸ್ಸಿನಲ್ಲಿರೋದು ಬೆಳಗಾವಿ ಮಾತ್ರ. ಅಕ್ಕಲಕೋಟೆಯ ಹೆಸರು ನಮಗೆ ನೆನಪಾಗೋದು ಜಗಳ ಬಿಸಿಯಾದಾಗ, 2022ರ ನವೆಂಬರಿನಲ್ಲಿ ಆದ ಹಾಗೆ.

ಸೊಲ್ಲಾಪುರದಲ್ಲಿ ಇನ್ನೊಂದು ಬಗೆಯ ನೆನಪೂ ಇದೆ. ನಾವು ತರಗತಿಯಲ್ಲಿ ವಚನಕಾರ ಅಂತ ಓದುವ ಸೊನ್ನಲಿಗೆಯ ಸಿದ್ಧರಾಮ ಅಲ್ಲಿ ಊರ ದೇವರು. ಸಂಕ್ರಾಂತಿಯ ಜಾತ್ರೆಗೆ ಕನ್ನಡ, ಮರಾಠಿ, ತೆಲುಗು ಮಾತಾಡೋರು ಒಟ್ಟಿಗೆ ಸೇರ್ತಾರೆ. ಹಾಗಂತ ಗಡಿ ಪ್ರಶ್ನೆ ಮುಗಿಯಿತು ಅಂತ ನಾನು ಹೇಳ್ತಿಲ್ಲ. ಅಕ್ಕಲಕೋಟೆ ನಮ್ಮದು ಅನ್ನೋರು, ಅಲ್ಲಿ ಕನ್ನಡ ಶಾಲೆಗೆ ಹೋಗುವ ಮಗುವಿನ ಮುಂದಿನ ಓದಿಗೂ ಹೊಣೆ ಹೊರಬೇಕಲ್ಲವೇ? ಚರ್ಚೆ ಇಲ್ಲಿಂದ ಶುರುವಾಗಲಿ ಅಂತ ಕೇಳಿಕೊಳ್ತೇನೆ.