ಹೈಕೋರ್ಟಿನಲ್ಲಿ ಕೇಸು ‘ಹೊಡೆದುಹಾಕಿಸೋದು’ ಅಂದರೆ ಏನು?

ಮಾರಿಕುಪ್ಪಂನಿಂದ ಹೊರಟ ಬೆಳಗಿನ ರೈಲು ಕೋರಮಂಡಲ್ ಸ್ಟೇಷನ್ ಬಿಟ್ಟು ಬಂಗಾರಪೇಟೆ ಮುಟ್ಟುವಷ್ಟರಲ್ಲಿ ಎಂಥ ಕೇಸಿಗೂ ತೀರ್ಪು ಆಗಿಬಿಡುತ್ತದೆ. ವರದಕ್ಷಿಣೆ ಕೇಸಾದರಂತೂ ಬೋಗಿ ತುಂಬ ವಕೀಲರೇ. ‘ಅತ್ತೆ, ನಾದಿನಿ, ಮೈದುನ, ಎಲ್ಲರ ಹೆಸರೂ ಹಾಕಿಸಮ್ಮ, ಕೇಸು ಗಟ್ಟಿಯಾಗುತ್ತೆ’ ಅಂತ ಒಬ್ಬರು. ‘ಹೈಕೋರ್ಟಿಗೆ ಹೋದರೆ ಒಂದೇ ಏಟಿಗೆ ಹೊಡೆದುಹಾಕಿಸಬಹುದು’ ಅಂತ ಇನ್ನೊಬ್ಬರು. ಎರಡೂ ತಪ್ಪು. ಹೆಣ್ಣುಮಗಳಿಗೆ ಹೆಚ್ಚು ನಷ್ಟ ತರುವುದು ಮಾತ್ರ ಮೊದಲನೆಯ ಸಲಹೆ.

‘ಗಂಡ, ಅತ್ತೆ, ಮಾವ, ನಾದಿನಿ ಎಲ್ಲರೂ ಸೇರಿ ದೈಹಿಕವಾಗಿ, ಮಾನಸಿಕವಾಗಿ ಕಿರುಕುಳ ಕೊಟ್ಟಿರುತ್ತಾರೆ.’ ದೂರುಗಳಲ್ಲಿ ಸವೆದುಹೋದ ಸಾಲು ಇದು. ಹೈಕೋರ್ಟಿನ ಕತ್ತರಿ ಮೊದಲು ಬೀಳುವುದೂ ಇದರ ಮೇಲೆಯೇ. ಯಾರು, ಯಾವಾಗ, ಏನು ಮಾಡಿದರು ಎಂದು ಹೇಳದೆ ಬರೀ ಹೆಸರು ಸೇರಿಸಿದರೆ ಸಂಬಂಧಿಕರ ಮೇಲಿನ ಕೇಸು ನಿಲ್ಲದು ಎಂದು ಸುಪ್ರೀಂ ಕೋರ್ಟ್ 2022ರ ಕಹಕಶಾನ್ ಕೌಸರ್ ತೀರ್ಪಿನಲ್ಲಿ ಹೇಳಿತು. 2024ರ ಡಿಸೆಂಬರ್‌ನಲ್ಲಿ ನಮ್ಮವರೇ ಆದ ನ್ಯಾಯಮೂರ್ತಿ ಬಿ.ವಿ. ನಾಗರತ್ನ ಅವರಿದ್ದ ಪೀಠ ದಾರಾ ಲಕ್ಷ್ಮೀನಾರಾಯಣ ಪ್ರಕರಣದಲ್ಲಿ ಅದನ್ನೇ ಇನ್ನಷ್ಟು ಖಾರವಾಗಿ ಹೇಳಿತು. ಹಾಗೆಂದು ಕಿರುಕುಳ ಅನುಭವಿಸಿದವಳು ಬಾಯಿ ಮುಚ್ಚಿಕೊಂಡಿರಬೇಕು ಅಂತಲ್ಲ ಎಂಬ ಮಾತೂ ಅದೇ ತೀರ್ಪಿನಲ್ಲಿದೆ. ಅದನ್ನು ರೈಲಿನಲ್ಲಿ ಯಾರೂ ಹೇಳುವುದಿಲ್ಲ.

ಈಗ ಇನ್ನೊಂದು ಸಾಲು ನೋಡಿ: ‘ಯುಗಾದಿಯ ಮಾರನೇ ದಿನ ಅತ್ತೆ ನನ್ನ ಕೊರಳಿನ ಸರ ಬಿಚ್ಚಿಸಿಕೊಂಡು ಗಿರವಿ ಇಟ್ಟರು, ಉಳಿದ ದುಡ್ಡು ತರುವತನಕ ಊಟ ಇಲ್ಲ ಎಂದರು.’ ಇಲ್ಲಿ ದಿನವಿದೆ, ಕೈಯಿದೆ, ಕೃತ್ಯವಿದೆ. ಇದನ್ನು ‘ಹೊಡೆದುಹಾಕಿಸುವುದು’, ಅಂದರೆ ಹೈಕೋರ್ಟಿನಲ್ಲಿ ರದ್ದು ಮಾಡಿಸುವುದು, ಸುಲಭವಲ್ಲ.

ಏಕೆಂದರೆ ರದ್ದತಿ ಅರ್ಜಿಯಲ್ಲಿ ಹೈಕೋರ್ಟು ಸಾಮಾನ್ಯವಾಗಿ ಸಾಕ್ಷಿ ತೂಗುವುದಿಲ್ಲ. ದೂರು, ಚಾರ್ಜ್‌ಶೀಟ್‌ನಲ್ಲಿ ಬರೆದದ್ದೆಲ್ಲ ನಿಜವೆಂದೇ ಇಟ್ಟುಕೊಂಡರೂ ಅಪರಾಧವಾಗುತ್ತದೆಯೇ, ದೂರಿನ ಹಿಂದೆ ಬರೀ ಹಗೆತನವಿದೆಯೇ ಎಂದಷ್ಟೇ ನೋಡುತ್ತದೆ. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 482ನೇ ಕಲಂ 2024ರ ಜುಲೈ 1ರಿಂದ ಹೊಸ ಸಂಹಿತೆಯ 528 ಆಗಿದೆ. ಗಂಡ, ಅತ್ತೆಮನೆಯವರ ಕ್ರೌರ್ಯಕ್ಕೆ ಹಾಕುತ್ತಿದ್ದ ಹಳೆಯ ದಂಡ ಸಂಹಿತೆಯ 498ಎ ಈಗ ನ್ಯಾಯ ಸಂಹಿತೆಯ 85 ಮತ್ತು 86. ನಂಬರು ಬದಲಾಯಿತು, ಕಾನೂನಿನ ತಿರುಳು ಬದಲಾಗಲಿಲ್ಲ. ನಾದಿನಿಯ ಮೇಲಿನ ಕೇಸು ರದ್ದಾದ ಮಾತ್ರಕ್ಕೆ ಗಂಡನ ಮೇಲಿನದು ಹೋಗುವುದಿಲ್ಲ, ಪ್ರತಿ ರದ್ದತಿಯೂ ‘ಸುಳ್ಳು ಕೇಸು’ ಎಂಬ ಸರ್ಟಿಫಿಕೇಟಲ್ಲ.

ನಮ್ಮ ಗಡಿಯ ಊರಿಗೆ ಮುಖ್ಯವಾದದ್ದು ಮುಂದಿದೆ. ಕೆಜಿಎಫ್‌ನ ಹೆಣ್ಣುಮಕ್ಕಳನ್ನು ಆಂಬೂರಿಗೂ ಕುಪ್ಪಂಗೂ ಕೊಡುತ್ತಾರೆ. ತವರಿಗೆ ವಾಪಸ್ ಬಂದವಳಿಗೆ ‘ಅಲ್ಲಿ ನಡೆದದ್ದು, ಅಲ್ಲೇ ಹೋಗಿ ದೂರು ಕೊಡು’ ಎನ್ನುವ ಬುದ್ಧಿವಾದ. ಇದು ಸುಳ್ಳು. ಗಂಡನ ಮನೆಯಿಂದ ಓಡಿಸಲ್ಪಟ್ಟವಳು ಆಸರೆ ಪಡೆದ ಊರಿನಲ್ಲೇ ಕೇಸು ಹೂಡಬಹುದು ಎಂದು ರೂಪಾಲಿ ದೇವಿ ಪ್ರಕರಣದಲ್ಲಿ 2019ರ ಏಪ್ರಿಲ್‌ನಲ್ಲೇ ಸುಪ್ರೀಂ ಕೋರ್ಟ್ ತೀರ್ಮಾನಿಸಿದೆ. ಹೊಡೆತ ಅಲ್ಲಿ ಬಿದ್ದರೂ ಮನಸ್ಸಿನ ನೋವು ತವರಿಗೂ ಜೊತೆಗೇ ಬರುತ್ತದಲ್ಲ!

ಹಿರಿಯರು ಕೂತು ರಾಜಿ ಮಾಡಿಸಿದರೆ ಕೇಸು ತಾನಾಗಿ ಮುಗಿಯಿತು ಎನ್ನುವುದೂ ತಪ್ಪು. ಕರ್ನಾಟಕದಲ್ಲಿ ಇದು ರಾಜಿಯಾಗುವ ಅಪರಾಧವಲ್ಲ, ಕೆಳಗಿನ ಕೋರ್ಟು ಮುಚ್ಚಲಾರದು. ಇಬ್ಬರೂ ಒಪ್ಪಿ ಹೈಕೋರ್ಟಿಗೇ ಹೋಗಬೇಕು, 2003ರ ಬಿ.ಎಸ್. ಜೋಷಿ ತೀರ್ಪು ಆ ದಾರಿ ತೆರೆಯಿತು. ಇನ್ನು ದೂರು ಕೊಟ್ಟ ತಕ್ಷಣ ಎಲ್ಲರಿಗೂ ಕೋಳ ಎಂಬ ಭಯ: 2014ರ ಅರ್ನೇಶ್ ಕುಮಾರ್ ತೀರ್ಪಿನ ನಂತರ ಪೊಲೀಸರು ಕಾರಣ ಬರೆಯದೆ ಬಂಧಿಸುವಂತಿಲ್ಲ, ಬಂಧನ ಬೇಡವಾದರೆ ನೋಟಿಸ್ ಕೊಟ್ಟು ಕರೆಸಬೇಕು.

ಠಾಣೆಯಲ್ಲಿ ಸಹಿ ಹಾಕುವ ಮುನ್ನ ದೂರನ್ನು ಒಮ್ಮೆ ಓದಿಸಿ ಕೇಳಿ, ನೀವು ಹೇಳದ ಹೆಸರಿದ್ದರೆ ತೆಗೆಸಿ, ಹೇಳಿದ ದಿನ ಬಿಟ್ಟಿದ್ದರೆ ಸೇರಿಸಿ. ಎಫ್‌ಐಆರ್ ಪ್ರತಿ ಉಚಿತ. ವಕೀಲರಿಗೆ ಕೊಡಲು ದುಡ್ಡಿಲ್ಲದಿದ್ದರೆ ಕೋರ್ಟಿನಲ್ಲಿರುವ ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋಗಿ, ಇಲ್ಲವೇ 15100ಕ್ಕೆ ಫೋನ್ ಮಾಡಿ. ಹೆಣ್ಣುಮಕ್ಕಳಿಗೆ ಅಲ್ಲಿ ಆದಾಯದ ಮಿತಿಯಿಲ್ಲ.