ಬೆಳಗ್ಗೆ ಬ್ಯಾಂಕು, ಸಂಜೆ ಮೈದಾನ

2012ರ ಜನವರಿ 24ರ ರಾತ್ರಿ ಉತ್ತರ ಸ್ಪೇನಿನ ಮಿರಾಂದಾ ದೆ ಎಬ್ರೊ ಎಂಬ ಊರಿನ ಅಂದುವಾ ಮೈದಾನದಲ್ಲಿ ಕಾಲಿಡಲು ಜಾಗವಿರಲಿಲ್ಲ. ಹಾಗೆಂದು ಅದೇನೂ ದೊಡ್ಡ ಮೈದಾನವಲ್ಲ. ಆರು ಸಾವಿರ ಜನ ಸೇರಿದರೆ ತುಂಬಿಹೋಗುತ್ತದೆ. ಊರಿನ ಜನಸಂಖ್ಯೆಯೇ ನಲವತ್ತು ಸಾವಿರ ಮುಟ್ಟುವುದಿಲ್ಲ. ಎಬ್ರೊ ನದಿಯ ದಂಡೆಯಲ್ಲಿರುವ ಈ ಊರು ಹೊರಗಿನವರಿಗೆ ಪರಿಚಯವಿದ್ದುದು ಮುಖ್ಯವಾಗಿ ಒಂದು ರೈಲ್ವೆ ಜಂಕ್ಷನ್ ಆಗಿ. ಮ್ಯಾಡ್ರಿಡ್‌ನಿಂದ ಫ್ರಾನ್ಸಿನ ಗಡಿಗೆ ಹೋಗುವ ಹಳಿಯೂ ಬಿಲ್ಬಾವೊ ಬಂದರಿನ ಕಡೆಗೆ ಹೋಗುವ ಹಳಿಯೂ ಇಲ್ಲಿ ಕೂಡುತ್ತವೆ.

ಆ ರಾತ್ರಿ ಊರಿನ ಮಿರಾಂದೆಸ್ ತಂಡದ ಎದುರಾಳಿ ಬಾರ್ಸಿಲೋನಾ ನಗರದ ಎಸ್ಪಾನ್ಯೋಲ್. ಸ್ಪೇನಿನ ರಾಜನ ಹೆಸರಿನಲ್ಲಿ ನಡೆಯುವ ಕೋಪಾ ದೆಲ್ ರೇ ಟೂರ್ನಿಯ ಕ್ವಾರ್ಟರ್ ಫೈನಲ್‌ನ ಎರಡನೆಯ ಪಂದ್ಯ ಅದು. ಮೊದಲ ಪಂದ್ಯದಲ್ಲಿ ಮಿರಾಂದೆಸ್ 2–3ರಿಂದ ಸೋತಿತ್ತು. ತವರಿನಲ್ಲಿಯೂ ಮೊದಲ ಗೋಲು ಬಿಟ್ಟುಕೊಟ್ಟಿತು. ಆಗ ಎಡ ಅಂಚಿನ ಆಟಗಾರ ಪಾಬ್ಲೊ ಇನ್‌ಫಾಂತೆ ಸಮಬಲದ ಗೋಲು ಹೊಡೆದ. ತೊಂಬತ್ತು ನಿಮಿಷ ಮುಗಿದು ಹೆಚ್ಚುವರಿಯಾಗಿ ಕೊಟ್ಟ ಕೊನೆಯ ಗಳಿಗೆಯಲ್ಲಿ ರಕ್ಷಣಾ ಆಟಗಾರ ಸೆಸಾರ್ ಕನೇದಾ ತಲೆಯಿಂದ ಚೆಂಡನ್ನು ಬಲೆಗೆ ತಳ್ಳಿದ. ಪಂದ್ಯ 2–1, ಎರಡೂ ಪಂದ್ಯ ಸೇರಿ 4–4. ಎದುರಾಳಿಯ ಊರಿನಲ್ಲಿ ಹೆಚ್ಚು ಗೋಲು ಗಳಿಸಿದವರು ಮುಂದಕ್ಕೆ ಎಂಬುದು ಆಗಿನ ನಿಯಮ. ಮೂರನೆಯ ದರ್ಜೆಯ ಒಂದು ತಂಡ ದೇಶದ ಕೊನೆಯ ನಾಲ್ಕರಲ್ಲಿ ಬಂದು ನಿಂತಿತ್ತು.

ಮರುದಿನದ ಪತ್ರಿಕೆಗಳು ಕನೇದಾನ ಗೋಲಿನ ಜೊತೆಗೆ ಇನ್‌ಫಾಂತೆಯ ಬಗ್ಗೆಯೂ ಬರೆದವು. ಕಾರಣ ಆತನ ಆಟವೊಂದೇ ಅಲ್ಲ. ಮೂವತ್ತೊಂದು ವರ್ಷದ ಈತನ ನೌಕರಿ ಫುಟ್‌ಬಾಲ್ ಆಗಿರಲಿಲ್ಲ. ಬುರ್ಗೋಸ್ ಪ್ರಾಂತ್ಯದ ಒಂದು ಸಣ್ಣ ಊರಿನ ಬ್ಯಾಂಕ್ ಶಾಖೆಗೆ ಈತ ಮ್ಯಾನೇಜರ್. ಬೆಳಗ್ಗೆ ಸಾಲ, ಠೇವಣಿ, ರೈತರ ಲೆಕ್ಕಪತ್ರ. ಸಂಜೆ ಬೂಟು ಕಟ್ಟಿಕೊಂಡು ತರಬೇತಿ. ಸ್ಪೇನಿನ ಕೆಳದರ್ಜೆಯ ಫುಟ್‌ಬಾಲ್‌ನಲ್ಲಿ ಇದು ಅಪರೂಪದ ಬದುಕಲ್ಲ. ಅಪರೂಪವಾದದ್ದು ಅಂಥವನೊಬ್ಬ ಇಡೀ ದೇಶದ ಕಣ್ಣಿಗೆ ಬಿದ್ದದ್ದು.

ರಿಯಲ್ ಮ್ಯಾಡ್ರಿಡ್, ಬಾರ್ಸಿಲೋನಾಗಳ ಹೆಸರು ನಮ್ಮ ಹಳ್ಳಿಯ ಹುಡುಗರ ಅಂಗಿಯ ಬೆನ್ನಿನ ಮೇಲೂ ಇದೆ. ಆದರೆ ಅವು ಏಣಿಯ ತುದಿಯ ಮೆಟ್ಟಿಲು. ಆ ಕಾಲದ ಲೆಕ್ಕದಲ್ಲಿ ಮೇಲಿನ ದರ್ಜೆಯಲ್ಲಿ 20 ತಂಡ, ‘ಸೆಗುಂದಾ’ ಎಂಬ ಎರಡನೆಯ ದರ್ಜೆಯಲ್ಲಿ 22. ವೃತ್ತಿಪರ ಲೀಗ್ ಎಂಬುದು ಅಲ್ಲಿಗೆ ಮುಗಿಯುತ್ತಿತ್ತು. ಅದರ ಕೆಳಗೆ 1977ರಲ್ಲಿ ಹುಟ್ಟಿದ ‘ಸೆಗುಂದಾ ಬಿ’: ನಾಲ್ಕು ಗುಂಪು, ಒಟ್ಟು 80 ತಂಡ. ಹೆಸರಿಗೆ ಎರಡನೆಯದು, ನಿಜದಲ್ಲಿ ಮೂರನೆಯದು. ಇನ್ನೂ ಕೆಳಗೆ ‘ತೆರ್ಸೇರಾ’, ಅಂದರೆ ಮೂರನೆಯದೆಂಬ ಹೆಸರಿನ ನಾಲ್ಕನೆಯ ದರ್ಜೆ. ಅದರಲ್ಲಿ 18 ಗುಂಪು, ಮುನ್ನೂರಕ್ಕೂ ಹೆಚ್ಚು ತಂಡ. 2021ರಲ್ಲಿ ಫುಟ್‌ಬಾಲ್ ಫೆಡರೇಷನ್ ಈ ಏಣಿಯನ್ನು ಬಿಚ್ಚಿ ಮರುಜೋಡಿಸಿತು. ಮೂರನೆಯ ದರ್ಜೆಯನ್ನು 40 ತಂಡಗಳಿಗೆ ಇಳಿಸಿ, ಅದರ ಕೆಳಗೆ ಹೊಸದೊಂದು ಮೆಟ್ಟಿಲು ಸೇರಿಸಿತು. ಇನ್‌ಫಾಂತೆ ಹತ್ತಿದ್ದು ಮಾತ್ರ ಹಳೆಯ ಏಣಿಯನ್ನು.

ಈ ಏಣಿಯಲ್ಲಿ ಒಂದು ವಿಚಿತ್ರವಿದೆ. ದೊಡ್ಡ ಕ್ಲಬ್ಬುಗಳ ಎರಡನೆಯ ತಂಡಗಳೂ ಇದೇ ಲೀಗುಗಳಲ್ಲಿ ಆಡುತ್ತವೆ. ಮೂಲ ತಂಡವಿರುವ ದರ್ಜೆಯಲ್ಲಿ ಆಡುವಂತಿಲ್ಲ ಎಂಬುದು ಕಟ್ಟಳೆ. ಹೀಗಾಗಿ ಬ್ಯಾಂಕ್ ಮ್ಯಾನೇಜರ್, ಮೇಷ್ಟ್ರು, ಎಲೆಕ್ಟ್ರಿಷಿಯನ್‌ಗಳಿರುವ ತಂಡದೆದುರು ಒಂದು ಭಾನುವಾರ ನಾಳಿನ ತಾರೆಗಳು ಬಂದು ನಿಲ್ಲಬಹುದು. 2007–08ರ ಋತುವಿನಲ್ಲಿ ಬಾರ್ಸಿಲೋನಾದ ಎರಡನೆಯ ತಂಡ ತೆರ್ಸೇರಾಕ್ಕೆ ಜಾರಿತ್ತು. ಅದಕ್ಕೆ ತರಬೇತುದಾರ ಪೆಪ್ ಗ್ವಾರ್ಡಿಯೋಲಾ. ಆ ತಂಡದ ವಿಂಗರ್‌ಗಳಲ್ಲೊಬ್ಬ ಪೆದ್ರೊ ರೊದ್ರೀಗೆಸ್. ಎರಡು ವರ್ಷಗಳ ನಂತರ, 2010ರ ವಿಶ್ವಕಪ್ ಫೈನಲ್‌ನಲ್ಲಿ ಸ್ಪೇನಿನ ಮೊದಲ ಹನ್ನೊಂದರಲ್ಲಿ ಪೆದ್ರೊ ಇದ್ದ. ಅವನು ತೆರ್ಸೇರಾದಲ್ಲಿ ಆಡುತ್ತಿದ್ದಾಗ ಅದೇ ದರ್ಜೆಯ ಇನ್ನೊಂದು ಗುಂಪಿನಲ್ಲಿ ಇನ್‌ಫಾಂತೆಯೂ ಮಿರಾಂದೆಸ್ ಪರವಾಗಿ ಅಂಚಿನಲ್ಲಿ ಓಡುತ್ತಿದ್ದ. ಒಬ್ಬನಿಗೆ ಇಪ್ಪತ್ತು, ಇನ್ನೊಬ್ಬನಿಗೆ ಇಪ್ಪತ್ತೇಳು. ಕೆಳದರ್ಜೆಯಲ್ಲಿ ಆಟಗಾರನ ಕಾಲಿನಷ್ಟೇ ಅವನ ಹುಟ್ಟಿದ ವರ್ಷವನ್ನೂ ನೋಡುತ್ತಾರೆ. ಇಪ್ಪತ್ತರ ಹುಡುಗ ‘ಮೇಲಕ್ಕೆ ಹೋಗುವವನು’, ಇಪ್ಪತ್ತೇಳರವನು ‘ಇಲ್ಲಿಯವನು’.

ವಿಂಗರ್‌ಗೆ ಈ ಲೆಕ್ಕ ಇನ್ನಷ್ಟು ಕಠಿಣ. ಸ್ಪ್ಯಾನಿಷ್ ಭಾಷೆಯಲ್ಲಿ ಈ ಆಟಗಾರನನ್ನು ‘ಎಕ್ಸ್‌ತ್ರೇಮೊ’ ಎನ್ನುತ್ತಾರೆ, ಅಂದರೆ ಕೊಟ್ಟಕೊನೆಯಲ್ಲಿರುವವನು. ಮೈದಾನದ ಸುಣ್ಣದ ಗೆರೆಗೆ ಅಂಟಿಕೊಂಡು ನಿಂತು, ಎದುರಾಳಿಯ ಹಿಂದಾಳನ್ನು ಓಟದಿಂದಲೋ ಕಾಲ್ಚಳಕದಿಂದಲೋ ದಾಟಿ, ಗೋಲಿನ ಮುಂದಕ್ಕೆ ಚೆಂಡು ಎತ್ತಿಕೊಡುವುದು ಅವನ ಸಾಂಪ್ರದಾಯಿಕ ಕೆಲಸ. ರಿಯಲ್ ಮ್ಯಾಡ್ರಿಡ್‌ನ ಎಡ ಅಂಚಿನಲ್ಲಿ ಓಡುತ್ತ ಆರು ಯುರೋಪಿಯನ್ ಕಪ್ ಗೆದ್ದ ಫ್ರಾನ್ಸಿಸ್ಕೊ ಹೆಂತೊ ಆ ಕೆಲಸದ ಮಾದರಿ. ಓಟವೇ ಬಂಡವಾಳವಾದವನಿಗೆ ವಯಸ್ಸು ಬೇಗ ತಟ್ಟುತ್ತದೆ. ಮಧ್ಯಮೈದಾನದವನು ಮೂವತ್ತೈದರಲ್ಲೂ ತಲೆಯಿಂದ ಆಡಬಲ್ಲ. ವಿಂಗರ್‌ನ ಕಾಲು ಒಂದು ಗಜ ಹಿಂದೆ ಬಿದ್ದರೆ ಗ್ಯಾಲರಿಯಲ್ಲಿ ಕೂತವನಿಗೂ ಗೊತ್ತಾಗುತ್ತದೆ. ಇದರ ಮೇಲೆ ಮೈದಾನದ ಅಳತೆ ಬೇರೆ. ನಿಯಮದ ಪ್ರಕಾರ ಫುಟ್‌ಬಾಲ್ ಮೈದಾನದ ಅಗಲ 45 ಮೀಟರಿನಿಂದ 90 ಮೀಟರಿನವರೆಗೆ ಎಷ್ಟಾದರೂ ಇರಬಹುದು. ದೊಡ್ಡ ಕ್ರೀಡಾಂಗಣಗಳಲ್ಲಿ ಅದು ಸಾಮಾನ್ಯವಾಗಿ 68. ಸಣ್ಣ ಊರಿನ ಮೈದಾನ ಕಿರಿದಾದಷ್ಟೂ ಅಂಚಿನವನಿಗೆ ಉಸಿರಾಡುವ ಜಾಗ ಕಡಿಮೆ. ಹಿಂದಾಳಿನ ಮೊಣಕೈ ಹತ್ತಿರ. ಇಂಥ ಕಡೆ ಉಳಿಯಬೇಕಾದರೆ ಓಟದ ಜೊತೆ ಗೋಲು ಹೊಡೆಯುವ ಕಾಲೂ ಬೇಕು. ಇನ್‌ಫಾಂತೆಗೆ ಅದಿತ್ತು.

ಹಾಗಿದ್ದರೆ ಅಂಥವನು ಬ್ಯಾಂಕ್ ಬಿಟ್ಟು ಆಟವನ್ನೇ ಏಕೆ ನಂಬಲಿಲ್ಲ? ಉತ್ತರ ಕ್ಲಬ್ಬುಗಳ ಗಲ್ಲಾಪೆಟ್ಟಿಗೆಯಲ್ಲಿದೆ. ಸ್ಪೇನಿನಲ್ಲಿ ಬಹಳ ಕಾಲ ಆಟಗಾರ ಕ್ಲಬ್ಬಿನ ಸ್ವತ್ತಿನಂತಿದ್ದ. ಒಪ್ಪಂದದ ಅವಧಿ ಮುಗಿದರೂ ಅವನನ್ನು ತನ್ನಲ್ಲೇ ಕಟ್ಟಿಹಾಕಿಕೊಳ್ಳುವ ಹಕ್ಕು ಕ್ಲಬ್ಬಿಗಿತ್ತು. ಫ್ರಾಂಕೊ ಆಡಳಿತ ಮುಗಿದ ಮೇಲೆ, 1978ರಲ್ಲಿ ಆಟಗಾರರು ಸಂಘ ಕಟ್ಟಿದರು. 1979ರ ಮಾರ್ಚ್‌ನಲ್ಲಿ ಮೊದಲ ಮುಷ್ಕರ ಹೂಡಿದರು. ಕ್ರೀಡಾಪಟುವೂ ಒಬ್ಬ ನೌಕರ, ಅವನಿಗೂ ನೌಕರನ ಹಕ್ಕುಗಳಿವೆ ಎಂದು ವಿಸ್ತಾರವಾಗಿ ಹೇಳುವ ಸರ್ಕಾರಿ ಆಜ್ಞೆ 1985ರಲ್ಲಿ ಬಂತು. ಕಾಗದದ ಮೇಲೆ ಹಕ್ಕು ಬಂದರೂ ಕೈಗೆ ಸಂಬಳ ಬರಬೇಕಲ್ಲ! ಇನ್‌ಫಾಂತೆ ಹೆಸರು ಮಾಡಿದ 2011–12ರ ಋತು ಆರಂಭವಾದದ್ದೇ ಮುಷ್ಕರದಿಂದ. ಮೇಲಿನ ಎರಡು ದರ್ಜೆಗಳ ಮೊದಲ ವಾರದ ಪಂದ್ಯಗಳು ನಡೆಯಲಿಲ್ಲ. ಸುಮಾರು 200 ಆಟಗಾರರಿಗೆ ಸುಮಾರು ಐದು ಕೋಟಿ ಯೂರೊ ಬಾಕಿಯಿದೆ ಎಂಬುದು ಸಂಘದ ದೂರು. ಮೇಲೆಯೇ ಹೀಗಾದರೆ ಕೆಳಗಿನ ಕಥೆ ಹೇಳಬೇಕಿಲ್ಲ. ಒಂದು ಕಾಲಕ್ಕೆ ಮೊದಲ ದರ್ಜೆಯಲ್ಲಿದ್ದ ಕಾಸ್ತೆಯೋನ್ ಕ್ಲಬ್ಬನ್ನು 2011ರಲ್ಲಿ ಸಂಬಳ ಬಾಕಿಯ ಕಾರಣಕ್ಕೆ ಸೆಗುಂದಾ ಬಿಯಿಂದ ತೆರ್ಸೇರಾಕ್ಕೆ ಇಳಿಸಲಾಯಿತು. ಸಲಮಾಂಕಾ ನಗರದ ಹಳೆಯ ಕ್ಲಬ್ಬು 2013ರಲ್ಲಿ ಸಾಲದ ಹೊರೆಯಲ್ಲಿ ಮುಚ್ಚಿಯೇಹೋಯಿತು.

ಹೀಗಾಗಿ ಬುದ್ಧಿವಂತನಾದ ಆಟಗಾರ ಇನ್ನೊಂದು ಕೈಯಲ್ಲಿ ಬೇರೊಂದು ಕಸುಬು ಹಿಡಿದಿರುತ್ತಾನೆ. ಇದಕ್ಕೆ ಬೆಂಗಳೂರಿನವರಿಗೆ ಪರಿಚಿತನಾದ ವಿಂಗರ್ ಒಬ್ಬನ ಉದಾಹರಣೆಯೂ ಇದೆ. 2017–18ರ ಋತುವಿನಲ್ಲಿ ಕಂಠೀರವ ಕ್ರೀಡಾಂಗಣದಲ್ಲಿ ಬೆಂಗಳೂರು ಎಫ್‌ಸಿ ಪರ ಆಡಿದ ತೋನಿ ದೊವಾಲೆ ಗಲೀಸಿಯಾ ಪ್ರಾಂತ್ಯದವನು. ಬಾಲ್ಯದಲ್ಲಿ ಬಾರ್ಸಿಲೋನಾದ ತರಬೇತಿ ಶಾಲೆಯಲ್ಲಿ ಬೆಳೆದು, ಸೆಲ್ತಾ ವಿಗೊ ಮೂಲಕ ಮೇಲೆ ಬಂದು, ಲುಗೊ, ಲೆಗಾನೆಸ್‌ಗಳಂಥ ಸಣ್ಣ ಕ್ಲಬ್ಬುಗಳನ್ನೂ ಅಮೆರಿಕದ ಕ್ಯಾನ್ಸಸ್ ಸಿಟಿಯನ್ನೂ ಸುತ್ತಿ ಇಲ್ಲಿಗೆ ಬಂದಿದ್ದ. ಆ ವರ್ಷ ಬೆಂಗಳೂರು ತಂಡ ಫೈನಲ್ ತಲುಪಿ ತವರಿನಲ್ಲೇ ಚೆನ್ನೈ ಎದುರು 2–3ರಿಂದ ಸೋತದ್ದು ಇಲ್ಲಿಯ ಅಭಿಮಾನಿಗಳು ಮರೆಯುವಂಥದಲ್ಲ. ದೊವಾಲೆ ಆಟದ ನಡುವೆಯೇ ಔಷಧಶಾಸ್ತ್ರ ಓದಿಕೊಂಡಿದ್ದ. 2020ರಲ್ಲಿ ಕೊರೊನಾ ಬಂದು ಮೈದಾನಗಳೆಲ್ಲ ಬೀಗ ಹಾಕಿಕೊಂಡಾಗ ಆತ ಗಲೀಸಿಯಾದ ಒಂದು ಔಷಧದಂಗಡಿಯಲ್ಲಿ ಬಿಳಿ ಕೋಟು ತೊಟ್ಟು ಕೆಲಸ ಮಾಡುತ್ತಿದ್ದ.

ಇನ್‌ಫಾಂತೆಯ ಕಥೆಗೆ ಮರಳೋಣ. 1927ರಲ್ಲಿ ಸ್ಥಾಪನೆಯಾದ ಮಿರಾಂದೆಸ್ ಕ್ಲಬ್ಬು 2009ರಲ್ಲಿ ತೆರ್ಸೇರಾದಿಂದ ಸೆಗುಂದಾ ಬಿಗೆ ಏರಿತ್ತು. 2011ರ ಕೊನೆಗೆ ರಾಜನ ಕಪ್‌ನಲ್ಲಿ ಅದಕ್ಕೆ ಎದುರಾದದ್ದು ಮೊದಲ ದರ್ಜೆಯ ವಿಯಾರಿಯಾಲ್. ಆ ವರ್ಷ ಚಾಂಪಿಯನ್ಸ್ ಲೀಗ್ ಆಡಿದ್ದ ತಂಡ ಅದು. ತವರಿನಲ್ಲಿ 1–1, ವಿಯಾರಿಯಾಲ್‌ನ ಅಂಗಳದಲ್ಲಿ 2–0. ಸೋಲಿನ ಬೆನ್ನಿಗೇ ವಿಯಾರಿಯಾಲ್ ತನ್ನ ತರಬೇತುದಾರನನ್ನು ಮನೆಗೆ ಕಳುಹಿಸಿತು. ಮುಂದಿನ ಸರದಿ ರೇಸಿಂಗ್ ಸಾಂತಾಂದೇರ್‌ನದು: 2–0, 1–1. ಆಮೇಲೆ ಎಸ್ಪಾನ್ಯೋಲ್, ಅದರ ತರಬೇತುದಾರ ಮುಂದೆ ಇಂಗ್ಲೆಂಡಿನಲ್ಲಿ ಹೆಸರು ಮಾಡಿದ ಮೌರಿಸಿಯೊ ಪೊಚೆತಿನೊ. ಎದುರಾಳಿಗಳು ದುರ್ಬಲರಾಗಿದ್ದರು ಎಂದು ಮೂಗು ಮುರಿದವರೂ ಇದ್ದಾರೆ, ಅದರಲ್ಲಿ ಹುರುಳಿಲ್ಲದಿಲ್ಲ. ವಿಯಾರಿಯಾಲ್, ರೇಸಿಂಗ್ ಎರಡೂ ಆ ಋತುವಿನ ಕೊನೆಗೆ ಕೆಳದರ್ಜೆಗೆ ಬಿದ್ದವು. ಆದರೂ ಬೀಳುವ ಮರವೇ ಆದರೂ ಕೊಡಲಿ ಹಿಡಿದವನು ಬೀಸಲೇಬೇಕು. ಎರಡು ದರ್ಜೆ ಕೆಳಗಿನಿಂದ ಬಂದು ಮೂರು ತಂಡಗಳನ್ನು ಎರಡೆರಡು ಪಂದ್ಯಗಳಲ್ಲಿ ಕೆಡವುವುದು ಒಂದು ರಾತ್ರಿಯ ಅದೃಷ್ಟವಲ್ಲ.

ಸೆಮಿಫೈನಲ್‌ನಲ್ಲಿ ಕನಸು ಮುಗಿಯಿತು. ಮಾರ್ಸೆಲೊ ಬಿಯೆಲ್ಸಾ ತರಬೇತಿಯ ಅತ್ಲೆಟಿಕ್ ಬಿಲ್ಬಾವೊ ಅಂದುವಾದಲ್ಲಿ 2–1ರಿಂದ, ತನ್ನ ಸಾನ್ ಮಾಮೆಸ್ ಮೈದಾನದಲ್ಲಿ 6–2ರಿಂದ ಗೆದ್ದಿತು. ಬಿಲ್ಬಾವೊ ಫೈನಲ್‌ನಲ್ಲಿ ಬಾರ್ಸಿಲೋನಾಕ್ಕೆ 0–3ರಿಂದ ಶರಣಾಯಿತು. ಆದರೆ ಟೂರ್ನಿಯ ಗೋಲುಗಳ ಪಟ್ಟಿಯ ತುದಿಯಲ್ಲಿ ಉಳಿದದ್ದು ಮೆಸ್ಸಿಯ ಹೆಸರಲ್ಲ, ರೊನಾಲ್ಡೊನದೂ ಅಲ್ಲ. ಏಳು ಗೋಲುಗಳೊಂದಿಗೆ ಪಾಬ್ಲೊ ಇನ್‌ಫಾಂತೆ ಆ ವರ್ಷದ ರಾಜನ ಕಪ್‌ನ ಅತಿ ಹೆಚ್ಚು ಗೋಲು ಗಳಿಸಿದ ಆಟಗಾರ.

ನಿಜವಾದ ಪರೀಕ್ಷೆ ಎದುರಾದದ್ದು ಆಮೇಲೆ. ಕಾರ್ಲೋಸ್ ಪೌಸೊ ತರಬೇತಿಯ ಮಿರಾಂದೆಸ್ ಅದೇ ಬೇಸಿಗೆಯಲ್ಲಿ ತನ್ನ ಇತಿಹಾಸದಲ್ಲಿ ಮೊದಲ ಬಾರಿಗೆ ಸೆಗುಂದಾಕ್ಕೆ ಏರಿತು. ಸೆಗುಂದಾ ಎಂದರೆ ವೃತ್ತಿಪರ ಲೀಗು: ಋತುವಿಗೆ 42 ಪಂದ್ಯ, ದೇಶದ ಈ ತುದಿಯಿಂದ ಆ ತುದಿಗೆ ಪ್ರಯಾಣ. ಕಪ್‌ನ ಒಂದು ರಾತ್ರಿಗೆ ಹೊಂದಿಸಿಕೊಂಡಂತೆ ಇಡೀ ವರ್ಷಕ್ಕೆ ಬ್ಯಾಂಕಿನ ವೇಳೆಯನ್ನು ಹೊಂದಿಸಿಕೊಳ್ಳಲಾಗದು. ಅತ್ತ ಕಾಲವೂ ಒಳ್ಳೆಯದಿರಲಿಲ್ಲ. 2012ರ ಮೇ ತಿಂಗಳಲ್ಲಿ ಸ್ಪೇನ್ ಸರ್ಕಾರ ದೇಶದ ದೊಡ್ಡ ಬ್ಯಾಂಕುಗಳಲ್ಲಿ ಒಂದಾದ ಬ್ಯಾಂಕಿಯಾವನ್ನು ವಶಕ್ಕೆ ತೆಗೆದುಕೊಳ್ಳಬೇಕಾಯಿತು. ಜೂನ್‌ನಲ್ಲಿ ಬ್ಯಾಂಕುಗಳನ್ನು ಉಳಿಸಲು ಯೂರೊ ದೇಶಗಳ ನೆರವು ಕೇಳಿತು. ಪ್ರಾಂತ್ಯಗಳ ಹಳೆಯ ಉಳಿತಾಯ ಬ್ಯಾಂಕುಗಳು ಒಂದರೊಳಗೊಂದು ಕರಗಿ ಶಾಖೆಗಳು ಮುಚ್ಚುತ್ತಿದ್ದವು. ವರ್ಷದ ಕೊನೆಗೆ ದುಡಿಯಲು ಸಿದ್ಧರಿದ್ದ ನಾಲ್ವರಲ್ಲಿ ಒಬ್ಬರಿಗೆ ಕೆಲಸವಿರಲಿಲ್ಲ. ಆಟಕ್ಕಿಂತ ಭದ್ರವೆಂದು ಹಿಡಿದಿದ್ದ ಮೇಜು ಕುರ್ಚಿಗಳೇ ಅಲುಗಾಡುತ್ತಿದ್ದ ಹೊತ್ತು ಅದು.

ಇನ್‌ಫಾಂತೆ ಆಡಿದ. ಹೆಚ್ಚಿನ ವಿಂಗರ್‌ಗಳು ನಿವೃತ್ತಿಯ ಲೆಕ್ಕ ಹಾಕುವ ಮೂವತ್ತೆರಡನೆಯ ವಯಸ್ಸಿನಲ್ಲಿ ಆತ ವೃತ್ತಿಪರ ಲೀಗಿನ ಮೊದಲ ಪಂದ್ಯಕ್ಕೆ ಕಣಕ್ಕಿಳಿದ. ಒಂದು ಋತು ಮಿರಾಂದೆಸ್‌ನಲ್ಲೇ ಕಳೆದು, 2013ರಲ್ಲಿ ಅದೇ ದರ್ಜೆಯ ಪೊನ್ಫೆರಾದಿನಾ ಕ್ಲಬ್ಬು ಸೇರಿದ. ಮಿರಾಂದೆಸ್ 2020ರಲ್ಲಿ ಇನ್ನೊಮ್ಮೆ ರಾಜನ ಕಪ್‌ನ ಸೆಮಿಫೈನಲ್ ತಲುಪಿತು. ಆಗ ಅದು ಸೆಗುಂದಾದ ತಂಡ. ಸೆಲ್ತಾ, ಸೆವಿಲ್ಯಾ, ವಿಯಾರಿಯಾಲ್‌ಗಳನ್ನು ಸೋಲಿಸಿ ಬಂದಿತ್ತು. ಅಂದುವಾ ಮತ್ತೆ ತುಂಬಿತ್ತು. ಅಂಚಿನ ಗೆರೆಯ ಪಕ್ಕದಲ್ಲಿ ಓಡುತ್ತಿದ್ದವರು ಬೇರೆ ಹುಡುಗರು.